ಒಂದು ಕಣ್ಣಿನ ಅಳತೆ

ಭದ್ರಾವತಿಯ ಓಲ್ಡ್ ಟೌನಿನ ಹಾಲೇಶ್ ಎಡಗಣ್ಣು ಕಳೆದುಕೊಂಡದ್ದು 1996ರ ಫೆಬ್ರವರಿಯಲ್ಲಿ. ಶಿವಮೊಗ್ಗ ರಸ್ತೆಯ ಬದಿಯ ಒಂದು ಖಾಸಗಿ ಎರಕದ ಕಾರ್ಖಾನೆಯಲ್ಲಿ ಅವನು ಹನ್ನೊಂದು ವರ್ಷದಿಂದ ಕ್ರೇನ್ ನಡೆಸುತ್ತಿದ್ದ. ಶೆಡ್ಡಿನ ಮಾಡಿನ ಕೆಳಗೆ, ಮೂವತ್ತು ಅಡಿ ಎತ್ತರದ ಹಳಿಯ ಮೇಲೆ ಓಡಾಡುವ ಕ್ರೇನಿನ ಕ್ಯಾಬಿನ್ನಿನಲ್ಲಿ ಕೂತು, ಟನ್ನುಗಟ್ಟಲೆ ತೂಗುವ ಅಚ್ಚಿನ ಪೆಟ್ಟಿಗೆಗಳನ್ನು ಎತ್ತಿ ಹೇಳಿದ ಜಾಗಕ್ಕೆ ಇಳಿಸುವುದು ಅವನ ಕೆಲಸ. ಆ ದಿನ ಊಟಕ್ಕೆಂದು ಇಳಿದು, ಎರಕವನ್ನು ಉಜ್ಜುವ ವಿಭಾಗದ ಪಕ್ಕದಲ್ಲಿ ನಡೆದು ಬರುತ್ತಿದ್ದಾಗ ಉಕ್ಕಿನ ಚೂರೊಂದು ಸಿಡಿದು ಕಣ್ಣಿಗೆ ನಾಟಿತು. ಅಲ್ಲಿ ಓಡಾಡುವವರೆಲ್ಲ ರಕ್ಷಣೆಯ ಕನ್ನಡಕ ಹಾಕಿಕೊಳ್ಳಬೇಕೆಂದು ಗೋಡೆಯ ಮೇಲೆ ಬೋರ್ಡಿತ್ತು. ಕನ್ನಡಕ ಇರಲಿಲ್ಲ. "ಆರ್ಡರ್ ಹಾಕಿದೀವಿ, ಬರುತ್ತೆ" ಎಂದು ಎರಡು ವರ್ಷದಿಂದ ಹೇಳುತ್ತಿದ್ದರು.

ಆಸ್ಪತ್ರೆಯಿಂದ ಮನೆಗೆ ಬಂದ ಮೇಲೆಯೇ ಏನು ಹೋಯಿತೆಂದು ಅವನಿಗೆ ಪೂರ್ತಿ ಗೊತ್ತಾದದ್ದು. ಹೆಂಡತಿ ಉಚ್ಚಂಗಮ್ಮ ಟೀ ಲೋಟ ಚಾಚಿದರೆ ಅವನ ಕೈ ನಾಲ್ಕು ಬೆರಳು ಈಚೆಗೇ ಗಾಳಿಯನ್ನು ಹಿಡಿಯುತ್ತಿತ್ತು. ಚೊಂಬಿನಿಂದ ನೀರು ಬಗ್ಗಿಸಿದರೆ ಲೋಟದ ಪಕ್ಕಕ್ಕೆ ಬೀಳುತ್ತಿತ್ತು. ಬಚ್ಚಲ ಮೆಟ್ಟಿಲು ಇನ್ನೂ ಮುಂದಿದೆ ಅಂದುಕೊಂಡು ಕಾಲಿಟ್ಟು ಎರಡು ಸಲ ಮುಗ್ಗರಿಸಿದ. ಉಳಿದ ಕಣ್ಣು ಚೆನ್ನಾಗಿಯೇ ಕಾಣುತ್ತಿತ್ತು. ದೂರದ ಬಸ್ಸಿನ ಬೋರ್ಡನ್ನೂ ಓದುತ್ತಿದ್ದ. ಆದರೆ ಯಾವುದು ಮುಂದಿದೆ, ಯಾವುದು ಹಿಂದಿದೆ ಎನ್ನುವುದೇ ಕಲಸಿಹೋಗಿತ್ತು.

ಶಿವಮೊಗ್ಗದ ದುರ್ಗಿಗುಡಿಯಲ್ಲಿ ಕಣ್ಣಿನ ಕ್ಲಿನಿಕ್ ಇಟ್ಟಿದ್ದ ಡಾಕ್ಟರ್ ಜಯಶೀಲಾ ಅವನನ್ನು ಪರೀಕ್ಷಿಸಿ, ಉಚ್ಚಂಗಮ್ಮನ ಕಡೆ ತಿರುಗಿದರು.

"ನೀವು ಹೆಬ್ಬೆರಳನ್ನ ಮೂಗಿನ ಮುಂದೆ ನೆಟ್ಟಗೆ ಹಿಡ್ಕೊಳ್ಳಿ. ಒಂದು ಕಣ್ಣು ಮುಚ್ಚಿ ನೋಡಿ. ಈಗ ಅದನ್ನ ತೆಗೆದು ಇನ್ನೊಂದನ್ನ ಮುಚ್ಚಿ."

"ಅಯ್ಯೋ, ಬೆರಳು ಪಕ್ಕಕ್ಕೆ ಜಿಗೀತು!" ಎಂದಳು ಉಚ್ಚಂಗಮ್ಮ.

"ಜಿಗಿಯಲ್ಲ. ಎರಡು ಕಣ್ಣೂ ಬೇರೆಬೇರೆ ಜಾಗದಿಂದ ನೋಡ್ತವೆ, ಎರಡು ಚಿತ್ರ ಬರುತ್ತೆ. ಆ ಎರಡರ ವ್ಯತ್ಯಾಸ ನೋಡಿ ಮಿದುಳು ದೂರ ಅಳೆಯುತ್ತೆ. ಹತ್ತಿರದ್ದಕ್ಕೆ ವ್ಯತ್ಯಾಸ ಜಾಸ್ತಿ, ದೂರ ಹೋದಷ್ಟೂ ಕಮ್ಮಿ."

ಹಾಲೇಶನಿಗೆ ರೇಗಿತು. "ನನ್ನ ಹತ್ರ ಇಲ್ಲದ್ದನ್ನ ಅವಳಿಗೆ ತೋರ್ಸಿ ಏನ್ ಪ್ರಯೋಜನ ಮೇಡಂ?"

"ನಿಮ್ಮ ಹತ್ರ ಇರೋದನ್ನೂ ತೋರಿಸ್ತೀನಿ, ತಾಳಿ. ತಲೆಯನ್ನ ನಿಧಾನಕ್ಕೆ ಎಡಕ್ಕೆ, ಬಲಕ್ಕೆ ಆಡಿಸಿ. ಮೇಜಿನ ಮೇಲಿನ ಪೆನ್ ಸ್ಟ್ಯಾಂಡ್ ನೋಡಿ, ಹಿಂದಿನ ಕ್ಯಾಲೆಂಡರೂ ನೋಡಿ."

ಅವನು ಆಡಿಸಿದ. ಪೆನ್ ಸ್ಟ್ಯಾಂಡ್ ಅತ್ತಿತ್ತ ಬಹಳ ಸರಿಯಿತು. ಕ್ಯಾಲೆಂಡರ್ ಅಲ್ಲಾಡಿತೋ ಇಲ್ಲವೋ ಎನ್ನುವಷ್ಟು.

"ಅಲ್ಲಿಗೆ, ಒಂದೇ ಕಣ್ಣು ಎರಡು ಜಾಗದಿಂದ ನೋಡಿದ ಹಾಗಾಯ್ತು" ಎಂದರು ಡಾಕ್ಟರ್. "ಇದರ ಜೊತೆಗೆ ನೆರಳಿದೆ, ಯಾವುದು ಯಾವುದನ್ನ ಮರೆ ಮಾಡ್ತಿದೆ ಅನ್ನೋದಿದೆ, ದೊಡ್ಡದು ಚಿಕ್ಕದು ಅನ್ನೋದಿದೆ. ಇವೆಲ್ಲ ನಿಮಗೆ ಮೊದಲಿಂದ್ಲೂ ಗೊತ್ತಿರೋದೇ. ಈಗ ಅಭ್ಯಾಸ ಮಾಡ್ಬೇಕು."

ಅವನು ಅಭ್ಯಾಸ ಮಾಡಿದ. ಹಿತ್ತಿಲ ತಂತಿಗೆ ಮೂರು ಬೀಗದ ಕೈ ಬೇರೆಬೇರೆ ದೂರಕ್ಕೆ ತೂಗುಹಾಕಿ, ಯಾವುದು ಹತ್ತಿರ ಎಂದು ಹೇಳಿ, ಕೈ ಚಾಚಿ ಹಿಡಿಯುತ್ತಿದ್ದ. ಮೊದಲ ವಾರ ಹತ್ತಕ್ಕೆ ಆರು ತಪ್ಪು. ಎರಡು ತಿಂಗಳಿಗೆ ಒಂದೂ ತಪ್ಪಲಿಲ್ಲ. ಐದನೆಯ ತಿಂಗಳು ಡಾಕ್ಟರ ಪತ್ರ ಹಿಡಿದು ಕಾರ್ಖಾನೆಗೆ ಹೋದ. ಎಂಜಿನಿಯರು ಒಂದು ವಾರ ಪಕ್ಕದಲ್ಲೇ ಕೂತು ನೋಡಿ, ಕ್ರೇನನ್ನು ಅವನ ಕೈಗೆ ಕೊಟ್ಟರು. ಭಾರ ಇಳಿಸುವಾಗ ಕಿಟಕಿಯಲ್ಲಿ ಅತ್ತಿತ್ತ ಓಲಾಡುವ ಅವನ ತಲೆಯನ್ನು ನೋಡಿ ಕೆಳಗಿದ್ದವರು, "ಕೋಲೆ ಬಸವ ತಲೆ ಆಡಿಸ್ತಿದೆ ನೋಡ್ರೋ" ಎಂದು ನಗುತ್ತಿದ್ದರು. ಅವನೂ ನಗುತ್ತಿದ್ದ. ಎರಡು ವರ್ಷ ಒಂದು ಪೆಟ್ಟಿಗೆಯೂ ಅಂಗುಲ ಆಚೀಚೆ ಆಗಲಿಲ್ಲ.

1998ರ ಜುಲೈಯಲ್ಲಿ ಕ್ರೇನಿನ ಬ್ರೇಕ್ ಜಾರತೊಡಗಿತು. ಹಿಡಿಕೆಯನ್ನು ನಿಲ್ಲಿಸುವ ಕಡೆಗೆ ತಂದ ಮೇಲೂ ಭಾರ ಒಂದು ಗೇಣು ತಾನಾಗಿ ಇಳಿಯುತ್ತಿತ್ತು. ಹಾಲೇಶ್ ಮೂರು ಸಲ ಪಾಳಿಯ ಪುಸ್ತಕದಲ್ಲಿ ಬರೆದ. ಯಾರೂ ಹತ್ತಿ ನೋಡಲಿಲ್ಲ. ಆಗಸ್ಟ್ ಹನ್ನೆರಡರ ಬೆಳಿಗ್ಗೆ ಅವನು ಪೆಟ್ಟಿಗೆಯೊಂದನ್ನು ನೆಲದಿಂದ ಒಂದಡಿ ಮೇಲೆ ನಿಲ್ಲಿಸಿದ್ದ. ಜೊತೆಗಾರ ಕೃಷ್ಣಪ್ಪ ಕೆಳಗೆ ಅದನ್ನು ಕೈಯಿಂದ ತಿರುಗಿಸಿ ಸರಿಹೊಂದಿಸುತ್ತಿದ್ದ. ಪೆಟ್ಟಿಗೆ ಸದ್ದಿಲ್ಲದೆ ಇಳಿದು ಕೃಷ್ಣಪ್ಪನ ಬಲಗಾಲಿನ ಮೇಲೆ ಕೂತಿತು. ಎರಡು ಬೆರಳು ಹೋದವು.

ನಾಲ್ಕನೆಯ ದಿನ ಹಾಲೇಶನ ಕೈಗೆ ಪತ್ರ ಬಂತು. 'ಒಂದೇ ಕಣ್ಣಿರುವ ಕಾರಣ ಎತ್ತರದ ಅಂದಾಜು ತಪ್ಪಿ ಅಪಘಾತ ಎಸಗಿದ್ದೀರಿ' ಎಂದಿತ್ತು. ವಿಚಾರಣೆ ಮುಗಿಯುವವರೆಗೆ ಅಮಾನತು.

ಅವನು ಆ ಪತ್ರವನ್ನು ಮೂರು ಸಲ ಓದಿದ. ನಾಲ್ಕನೆಯ ಸಲ ಉಚ್ಚಂಗಮ್ಮನ ಕೈಯಲ್ಲಿ ಗಟ್ಟಿಯಾಗಿ ಓದಿಸಿದ.

"ಕಾಲ್ಬೆರಳು ಕಳ್ಕೊಂಡೋನಿಗೆ ಒಂದು ಮಾತಿಲ್ಲ. ಬ್ರೇಕ್ ಬಗ್ಗೆ ಒಂದು ಮಾತಿಲ್ಲ. ನನ್ನ ಕಣ್ಣೊಂದು ಸಿಕ್ತು ನೋಡು ಇವರಿಗೆ!"

ವಿಚಾರಣೆ ನಡೆಸಲು ಶಿವಮೊಗ್ಗದ ವಕೀಲ ವಿಶ್ವಾರಾಧ್ಯರನ್ನು ಕಂಪನಿ ನೇಮಿಸಿತ್ತು. ಅರವತ್ತರ ಮನುಷ್ಯ, ಮಾತು ಕಡಿಮೆ. ಕಂಪನಿಯ ಕಡೆಯಿಂದ ಸಿಬ್ಬಂದಿ ಮ್ಯಾನೇಜರ್ ಪ್ರಸನ್ನಕುಮಾರ್ ಕೂತಿದ್ದ. ಹಾಲೇಶ್ ಪಾಳಿಯ ಪುಸ್ತಕ ತರಿಸಿ, ತಾನು ಬರೆದ ಮೂರು ಸಾಲುಗಳನ್ನು ತೋರಿಸಿದ.

ಪ್ರಸನ್ನಕುಮಾರ್ ಮುಗುಳ್ನಕ್ಕ. "ಸಾರ್, ಒಂದೇ ಕಣ್ಣಿರೋನಿಗೆ ಪೆಟ್ಟಿಗೆ ಕೆಳಗೆ ಹೋದ ಹಾಗೆ, ಮೇಲೆ ಬಂದ ಹಾಗೆ ಕಾಣೋದು ಸಹಜ. ಅದನ್ನೇ ಬ್ರೇಕ್ ಜಾರ್ತಿದೆ ಅಂತ ಬರ್ದಿದಾನೆ. ಈ ಪುಸ್ತಕಾನೇ ನಮಗೆ ಸಾಕ್ಷಿ."

ಹಾಲೇಶನ ಮೈಯೆಲ್ಲ ಉರಿಯಿತು. ಎದ್ದು ನಿಂತ.

"ಕಣ್ಣು ಹೋಗಿದ್ದು ನಿಮ್ಮ ಶೆಡ್ಡಲ್ಲಿ, ನೀವು ಕೊಡದೇ ಇರೋ ಕನ್ನಡಕದಿಂದ. ಈಗ ಆ ಹೋದ ಕಣ್ಣನ್ನೇ ನನ್ನ ಮೇಲೆ ಸಾಕ್ಷಿಗೆ ನಿಲ್ಲಿಸ್ತೀರಾ?"

"ಕೂತ್ಕೊಳ್ಳಯ್ಯ" ಎಂದ ಪ್ರಸನ್ನಕುಮಾರ್.

"ಕೂರಲ್ಲ. ಡಾಕ್ಟರನ್ನ ಕರ್ಕೊಂಡು ಬರ್ತೀನಿ. ದಿನ ಕೊಡಿ ಸಾರ್" ಎಂದು ಅವನು ವಿಶ್ವಾರಾಧ್ಯರನ್ನು ಕೇಳಿದ. ಅವರು ಕೊಟ್ಟರು.

ಜಯಶೀಲಾ ಮಧ್ಯಾಹ್ನದ ಕ್ಲಿನಿಕ್ ಮುಚ್ಚಿ ಬಂದರು. ಕನ್ನಡಕ ಕೊಡದಿದ್ದ ಕತೆ ಅವರಿಗೆ ಗೊತ್ತಿತ್ತು. ಪೆಟ್ಟಿಗೆಯ ಕತೆ ಕೇಳಿದ ಮೇಲೆ ಅವರ ಮುಖವೂ ಬಿಗಿದುಕೊಂಡಿತ್ತು. ಹೆಬ್ಬೆರಳಿನ ಲೆಕ್ಕವನ್ನೂ ತಲೆ ಆಡಿಸುವ ಲೆಕ್ಕವನ್ನೂ ಅವರು ಚುಟುಕಾಗಿ ಹೇಳುತ್ತಿದ್ದಂತೆ ಪ್ರಸನ್ನಕುಮಾರ್ ಅಡ್ಡ ಬಂದ.

"ಮಾತು ಯಾಕೆ ಮೇಡಂ? ಈಗಲೇ ನೋಡೋಣ." ಅವನು ಒಂದು ಕಣ್ಣು ಮುಚ್ಚಿಕೊಂಡು, ಎರಡೂ ಕೈ ಚಾಚಿ, ಪೆನ್ನಿಗೆ ಮುಚ್ಚಳ ಹಾಕಲು ಹೋದ. ಮೊದಲ ಸಲ ತಪ್ಪಿತು. ಎರಡನೆಯ ಸಲವೂ ತಪ್ಪಿತು. ಗೆದ್ದವನ ಹಾಗೆ ಪೆನ್ನನ್ನು ಮೇಜಿನ ಮೇಲಿಟ್ಟ. "ನೋಡಿದ್ರಲ್ಲ ಸಾರ್? ನನ್ನ ಕೈಯಲ್ಲೇ ಆಗ್ಲಿಲ್ಲ. ಇನ್ನು ಇವನು ಮೂವತ್ತು ಅಡಿ ಮೇಲಿಂದ ಏನ್ ನೋಡ್ತಾನೆ?"

ಹಾಲೇಶ್ ಆ ಪೆನ್ನನ್ನೇ ಎತ್ತಿಕೊಂಡ. ತಲೆಯನ್ನು ಒಂದು ಸಲ ಆಚೆ, ಒಂದು ಸಲ ಈಚೆ ವಾಲಿಸಿದ. ಮುಚ್ಚಳ ಕೂತಿತು. ತೆಗೆದ. ಮತ್ತೆ ಹಾಕಿದ. ಐದು ಸಲ ಹಾಕಿದ.

"ನೀವು ಒಂದು ಕಣ್ಣಿನವರಾಗಿದ್ದು ಅರ್ಧ ನಿಮಿಷ" ಎಂದರು ಜಯಶೀಲಾ, ಪ್ರಸನ್ನಕುಮಾರನಿಗೆ. "ಇವರು ಎರಡೂವರೆ ವರ್ಷದಿಂದ ಹಾಗಿದಾರೆ. ನಿಮ್ಮ ಅರ್ಧ ನಿಮಿಷದಿಂದ ಇವರನ್ನ ಅಳೀಬೇಡಿ."

ವಿಶ್ವಾರಾಧ್ಯರು ತಾವು ಬರೆಯುತ್ತಿದ್ದ ಪೆನ್ನು ಕೆಳಗಿಟ್ಟು, ಅಷ್ಟು ದಿನದಲ್ಲಿ ಮೊದಲ ಸಲ ತಾವಾಗಿ ಒಂದು ಮಾತಾಡಿದರು: "ಕ್ರೇನ್ ನೋಡೋಣ ನಡೀರಿ."

ಅಮಾನತಾದವನು ಕ್ರೇನ್ ಹತ್ತುವಂತಿಲ್ಲ ಎಂದು ಪ್ರಸನ್ನಕುಮಾರ್ ಹಟ ಹಿಡಿದ. "ನನ್ನ ವಿಚಾರಣೆ, ನನ್ನ ಜವಾಬ್ದಾರಿ" ಎಂದು ವಿಶ್ವಾರಾಧ್ಯರು ಹೊರಟೇಬಿಟ್ಟರು. ಶೆಡ್ಡಿನಲ್ಲಿ ಸುಣ್ಣದ ಗೆರೆ ಎಳೆಸಿ, ಎಲ್ಲರನ್ನೂ ಅದರ ಹಿಂದೆ ನಿಲ್ಲಿಸಿದರು. ಊರುಗೋಲು ಹಿಡಿದ ಕೃಷ್ಣಪ್ಪನೂ ಬಂದು ನಿಂತ. ಹಾಲೇಶ್ ಏಣಿ ಹತ್ತಿದ. ಮರಳು ತುಂಬಿದ ಪೆಟ್ಟಿಗೆ ಎದ್ದಿತು, ಶೆಡ್ಡಿನ ಉದ್ದಕ್ಕೆ ಸಾಗಿತು, ನೆಲದ ಮೇಲಿಟ್ಟ ಮರದ ದಿಮ್ಮಿಯ ನೇರಕ್ಕೆ ಬಂದು ಇಳಿಯತೊಡಗಿತು. ಕಿಟಕಿಯಲ್ಲಿ ಅವನ ತಲೆ ಓಲಾಡುವುದು ಕಾಣುತ್ತಿತ್ತು. ದಿಮ್ಮಿಯಿಂದ ಒಂದಡಿ ಮೇಲೆ ಪೆಟ್ಟಿಗೆ ನಿಂತಿತು.

ಆಮೇಲೆ ಅವನು ಹಿಡಿಕೆಯನ್ನು ನಿಲ್ಲಿಸುವ ಕಡೆಗೇ ಬಿಟ್ಟು, ಎರಡೂ ಕೈಗಳನ್ನು ಕಿಟಕಿಯಿಂದ ಹೊರಕ್ಕೆ ಚಾಚಿದ.

"ನನ್ನ ಕೈ ನೋಡಿ ಸಾರ್! ಎರಡೂ ಕೈ ನೋಡಿ!"

ಎಲ್ಲರೂ ಮೇಲೆ ನೋಡಿದರು. ಹಿಡಿಕೆಯ ಮೇಲೆ ಯಾರ ಕೈಯೂ ಇರಲಿಲ್ಲ. ಕೆಳಗೆ ಪೆಟ್ಟಿಗೆ ಮೆಲ್ಲಗೆ, ಯಾರಿಗೂ ಕೇಳದ ಹಾಗೆ ಇಳಿಯುತ್ತಲೇ ಇತ್ತು. ದಿಮ್ಮಿಯ ಮೇಲೆ ಕೂತು, ದಿಮ್ಮಿ ಲಟಕ್ಕೆಂದು ಸೀಳಿದಾಗಲೇ ಸದ್ದಾದದ್ದು.

"ಈಗ ಹೇಳಿ!" ಮೇಲಿನಿಂದ ಅವನ ಕೂಗು ಶೆಡ್ಡೆಲ್ಲ ತುಂಬಿತು. "ಎಷ್ಟು ಕಣ್ಣಿಂದ ನೋಡಿದ್ರೆ ಇದು ಜಾರಲ್ಲ?"

ಬ್ರೇಕನ್ನು ಅಪಘಾತ ಆದ ಮೇಲೂ ರಿಪೇರಿ ಮಾಡಿರಲಿಲ್ಲ. ಮಾಡಿದರೆ ಕೆಟ್ಟಿತ್ತು ಎಂದು ಒಪ್ಪಿಕೊಂಡ ಹಾಗಾಗುತ್ತಿತ್ತು. ಎರಡು ತಿಂಗಳು ಬೇರೆ ನಾಲ್ಕು ಜನ ಅದನ್ನೇ ನಡೆಸಿದ್ದರು. ಇದು ತಿಳಿದಾಗ ಜಯಶೀಲಾ ತಡೆದುಕೊಳ್ಳಲಿಲ್ಲ. "ಕೆಳಗೆ ದಿನಾ ಜನ ನಿಂತು ಕೆಲಸ ಮಾಡ್ತಿದ್ರಲ್ರೀ! ನಿಮ್ಮ ಒಂದು ಕಾಗದ ಸುಳ್ಳಾಗಬಾರದು ಅಂತ ಇನ್ನೆಷ್ಟು ಕಾಲು ಬೇಕಿತ್ತು?" ಎಂದು ಎಲ್ಲರ ಎದುರಿಗೇ ಕೇಳಿದರು. ಪ್ರಸನ್ನಕುಮಾರ್ ಗಡಿಯಾರ ನೋಡಿಕೊಂಡ. ಎಂಜಿನಿಯರು ನೆಲ ನೋಡಿದರು.

ಹಾಲೇಶನ ತಪ್ಪಿಲ್ಲವೆಂದು ವಿಶ್ವಾರಾಧ್ಯರು ಬರೆದುಕೊಟ್ಟರು. ಅಲ್ಲಿಗೆ ಮುಗಿಯಬೇಕಿತ್ತು, ಮುಗಿಯಲಿಲ್ಲ. ಕಂಪನಿಯಿಂದ ಇನ್ನೊಂದು ಪತ್ರ ಬಂತು. ಆರೋಪ ಬಿಟ್ಟಿದ್ದೇವೆ, ಆದರೆ ನಿಮ್ಮ ಸುರಕ್ಷತೆಗಾಗಿ ಇನ್ನು ಮುಂದೆ ಗೇಟಿನಲ್ಲಿ ಲಾರಿಗಳ ನಂಬರ್ ಬರೆದುಕೊಳ್ಳುವ ಕೆಲಸ ಎಂದಿತ್ತು. ಅವನು ಆ ಕೆಲಸಕ್ಕೆ ಹೋಗಲಿಲ್ಲ. ಶಿವಮೊಗ್ಗದ ಕಾರ್ಮಿಕ ಇಲಾಖೆಗೆ ಅರ್ಜಿ ಕೊಟ್ಟ. ಅಲ್ಲಿ ಅಧಿಕಾರಿ, ಕ್ರೇನಿನ ಮೇಲೊಂದು ಪರೀಕ್ಷೆ ಆಗಲಿ ಎಂದರು. "ಆಗ್ಲಿ. ಆದ್ರೆ ಎಲ್ಲ ಆಪರೇಟರ್‌ಗಳಿಗೂ ಆಗ್ಲಿ. ನಾನೊಬ್ನೇ ಯಾಕೆ?" ಎಂದ ಹಾಲೇಶ್.

ಇದಕ್ಕೆ ಅಡ್ಡಿ ಮಾಡಿದ್ದು ಕಂಪನಿಯಲ್ಲ, ಯೂನಿಯನ್ನು. ಕಾರ್ಯದರ್ಶಿ ಏಕಾಂತಪ್ಪ ಮನೆಗೇ ಬಂದ.

"ನಿನ್ನೊಬ್ಬನಿಗೋಸ್ಕರ ಎಲ್ಲರನ್ನೂ ಯಾಕ್ ಎಳೀತೀಯ ಮಾರಾಯ? ಯಾರಾದ್ರೂ ಫೇಲಾದ್ರೆ ಅವರ ಹೊಟ್ಟೆಪಾಡು ಏನು?"

"ನನ್ನ ಹೊಟ್ಟೆಪಾಡು ಹೋದಾಗ ನೀವೆಲ್ಲ ಎಲ್ಲಿದ್ರಿ?" ಎಂದು ಹಾಲೇಶ್ ಕೇಳಿದ. ಏಕಾಂತಪ್ಪ ಟೀಯನ್ನು ಅರ್ಧಕ್ಕೇ ಬಿಟ್ಟು ಎದ್ದುಹೋದ. ಹಾಲೇಶನ ಅವತ್ತಿನ ಸಿಟ್ಟು ಮ್ಯಾನೇಜರನ ಮೇಲಿನ ಸಿಟ್ಟಿಗಿಂತ ದೊಡ್ಡದಾಗಿತ್ತು. ಆದರೂ ಏಕಾಂತಪ್ಪ ಹೇಳಿದ್ದರಲ್ಲಿ ಪೂರ್ತಿ ಸುಳ್ಳಿಲ್ಲ ಎಂದು ಅವನಿಗೆ ಅನ್ನಿಸಿತು. ವಾರ ಯೋಚಿಸಿ, ಒಬ್ಬನೇ ಪರೀಕ್ಷೆಗೆ ನಿಂತ. ಹೊಸ ಬ್ರೇಕ್ ಹಾಕಿದ ಕ್ರೇನಿನಲ್ಲಿ ಹನ್ನೆರಡು ಭಾರ, ಹನ್ನೆರಡು ಗುರುತು. ಹನ್ನೆರಡೂ ಗೆರೆಯೊಳಗೆ ಇಳಿದವು.

1999ರ ಜುಲೈಯಲ್ಲಿ ಅವನು ಮತ್ತೆ ಕ್ರೇನ್ ಹತ್ತಿದ. ಪ್ರಸನ್ನಕುಮಾರ್ ಅಷ್ಟರಲ್ಲಿ ಬಡ್ತಿ ಪಡೆದು ಬೇರೆ ಊರಿನ ದೊಡ್ಡ ಘಟಕಕ್ಕೆ ಹೋಗಿದ್ದ. ಕೃಷ್ಣಪ್ಪನ ಕಾಲಿನ ಬಗ್ಗೆ ಯಾರೂ ಒಂದಕ್ಷರ ಬರೆದಿರಲಿಲ್ಲ. ಅಪಘಾತದ ಕಾರಣ ಇನ್ನೂ 'ಪರಿಶೀಲನೆಯಲ್ಲಿದೆ' ಎನ್ನುತ್ತಿದ್ದರು.

ಮೊದಲ ದಿನದ ಪಾಳಿ ಮುಗಿಸಿ ಬಂದವನಿಗೆ ಉಚ್ಚಂಗಮ್ಮ ಪಾಯಸ ಬಡಿಸಿದಳು.

"ಈಗಾದ್ರೂ ಸಿಟ್ಟು ಇಳೀತೇನ್ರೀ?"

"ಇಲ್ಲ" ಎಂದ ಅವನು, ಪಾಯಸ ಉಣ್ಣುತ್ತಲೇ. "ಯಾಕ್ ಇಳೀಬೇಕು ಮಾರಾಯ್ತಿ? ನಾಳೆ ರಜೆ ಹಾಕಿದೀನಿ. ಬೆಳಿಗ್ಗೆ ಒಂಬತ್ತರ ಬಸ್ಸಿಗೆ ಕೃಷ್ಣಪ್ಪನ್ನ ಕರ್ಕೊಂಡು ಶಿವಮೊಗ್ಗಕ್ಕೆ ಹೋಗ್ತೀನಿ. ಅವನದ್ದೂ ಒಂದು ಅರ್ಜಿ ಕೊಡೋದಿದೆ."