ತೆರೆಯಬಾರದ ಬಾಗಿಲು

ಗಿಸ್ಲೇನ್ ತನ್ನ ಚಿತ್ರಗಳನ್ನು ತಾನೇ ಬರೆದು ತಾನೇ ನಿರ್ದೇಶಿಸುವವಳು. ಮೂವತ್ತು ವರ್ಷಗಳಲ್ಲಿ ಆರು ಚಿತ್ರ. ಆರಕ್ಕೂ ಚಿತ್ರೀಕರಣದ ದಾಖಲೆ ಪುಸ್ತಕ ಬರೆದವಳು ನಾನು, ನಾದೆಜ್. ಯಾವ ಟೇಕ್‌ನಲ್ಲಿ ಏನಾಯಿತು, ಯಾವುದು ಚೆನ್ನಾಗಿ ಬಂತು, ಎಲ್ಲ ಅದರಲ್ಲಿರಬೇಕು; ಸಂಕಲನದಲ್ಲಿ ಚಿತ್ರ ಕೂಡಿಸುವುದು ಅದನ್ನು ನೋಡಿಕೊಂಡೇ. ಬರೆಯದೇ ಬಿಟ್ಟದ್ದು ನಡೆದೇ ಇಲ್ಲ ಎಂದು ನಾನು ಈ ಕೆಲಸ ಕಲಿತ ಸಂಜೆ ತರಗತಿಯ ಮೇಷ್ಟ್ರು ಹೇಳಿಕೊಟ್ಟಿದ್ದರು.

ಈ ಏಳನೆಯ ಚಿತ್ರದ ಕೊನೆಯಲ್ಲಿ, ಜೈಲಿನಿಂದ ಬಂದ ಮಗನಿಗೆ ತಾಯಿ ಬಾಗಿಲು ತೆರೆಯುವುದಿಲ್ಲ. ಅದೊಂದಕ್ಕಾಗಿಯೇ ಗಿಸ್ಲೇನ್ ನಾಲ್ಕು ವರ್ಷ ಕೂತು ಬರೆದದ್ದು. ರೂಬೆ ಪಟ್ಟಣದಲ್ಲಿ ಆ ದೃಶ್ಯ ತೆಗೆಯುವಾಗ ನಿರ್ಮಾಪಕ ಟಾಂಗಿ ಬೆನ್ನು ಬಿಡಲಿಲ್ಲ. "ಒಂದೇ ಒಂದು ಸಲ ಬಾಗಿಲು ತೆಗೆಸು ಮಾರಾಯ್ತಿ, ನನ್ನ ಸಮಾಧಾನಕ್ಕೆ." ಅವನ ಬಾಯಿ ಮುಚ್ಚಿಸಲು ಗಿಸ್ಲೇನ್ ಒಂದು ಸಲ ತೆಗೆಸಿದಳು. ನನ್ನತ್ತ ಬಗ್ಗಿ, "ಇದನ್ನ ಬರ್ಕೋಬೇಡ ಕಣೇ," ಅಂದಳು.

ನಾನು ಬರೆದೆ. 'ಐದನೇ ಟೇಕ್. ಬಾಗಿಲು ತೆರೆಯುತ್ತದೆ. ಬೆಳಕು ಚೆನ್ನಾಗಿದೆ.'

ಆಮೇಲೆ ಸೊಂಟದ ಶಸ್ತ್ರಚಿಕಿತ್ಸೆಯಾಗಿ ಗಿಸ್ಲೇನ್ ಮೂರು ವಾರ ಸಂಕಲನಕ್ಕೆ ಬರಲಿಲ್ಲ. ಇವತ್ತು ಬೆಳಗ್ಗೆ ಮೂವರೂ ಮುಗಿದ ಚಿತ್ರ ನೋಡಲು ಕೂತೆವು. ಕೊನೆಯಲ್ಲಿ ಬಾಗಿಲು ತೆರೆಯಿತು. ತಾಯಿ ನಕ್ಕಳು.

"ಇದು ಎಲ್ಲಿಂದ ಬಂತು?" ಅಂದಳು ಗಿಸ್ಲೇನ್.

"ಪುಸ್ತಕದಲ್ಲೇ ಇತ್ತಲ್ಲ," ಅಂದ ಟಾಂಗಿ. "ಜನ ಹೇಗೆ ಅಳ್ತಾರೆ ನೋಡು."

"ಅಳಿಸೋದಕ್ಕೆ ಈರುಳ್ಳಿ ಸಾಕು. ನನ್ನ ಚಿತ್ರ ಯಾಕೆ ಬೇಕು?"

ಅವನು ಒಪ್ಪಿಗೆ ಪತ್ರ ಮುಂದಿಟ್ಟ. ನಿರ್ದೇಶಕಿ ಒಪ್ಪದೆ ಚಿತ್ರ ಮುಗಿಯಿತು ಎನ್ನುವಂತಿಲ್ಲ, ಅದು ಕಾನೂನು. "ಸಹಿ ಹಾಕದಿದ್ರೆ ಕಪಾಟಿನಲ್ಲೇ ಕೊಳೆಯುತ್ತೆ. ನಿಂಗೆ ಅರವತ್ತನಾಲ್ಕು. ಇನ್ನೊಂದು ಮಾಡಿಸೋರು ಯಾರಿದಾರೆ?"

ಗಿಸ್ಲೇನ್ ನನ್ನ ಕಡೆ ತಿರುಗಿದಳು. "ಬರೀಬೇಡ ಅಂದಿದ್ನೋ ಇಲ್ವೋ?"

"ಅಂದಿದ್ರಿ."

"ಮತ್ತೆ?"

"ತೆಗೆದದ್ದನ್ನ ಬರೀದೆ ಇರೋಕೆ ಆಗ್ಲಿಲ್ಲ."

"ಆಹಾ, ಸತ್ಯವಂತೆ."

ಟಾಂಗಿ ಕಿಸಕ್ಕನೆ ನಕ್ಕ. ನನ್ನ ಮೈ ಉರಿದುಹೋಯಿತು. "ಪುಸ್ತಕ ಕೊಟ್ಟಿದ್ದು ಅವರ ಚಿತ್ರ ಕೂಡಿಸೋಕೆ," ಅಂದೆ. "ಅವರು ಆಸ್ಪತ್ರೇಲಿ ಮಲಗಿದ್ದಾಗ ನೀವು ಮಾಡಿದ್ದು ಕಳ್ಳತನ."

"ಪುಸ್ತಕ ಇಲ್ಲಿ ಕೊಡು," ಅಂದಳು ಗಿಸ್ಲೇನ್. ಐದನೇ ಟೇಕಿನ ಕೆಳಗೆ ನನ್ನ ಪೆನ್ಸಿಲಿನಿಂದ ಒತ್ತಿ ಒತ್ತಿ ಬರೆದಳು: 'ಈ ಬಾಗಿಲು ತೆರೆದರೆ ಚಿತ್ರ ನನ್ನದಲ್ಲ.' ಕೆಳಗೆ ಸಹಿ. ಮೊನೆ ಮುರಿಯಿತು.

"ಸಹಿ ಬೇಕಿತ್ತಲ್ಲ, ಹಾಕಿದೀನಿ." ಊರುಗೋಲು ಎತ್ತಿಕೊಂಡು ಹೊರಟವಳು ನನಗಂದಳು: "ಗಂಟೆ ಎಷ್ಟು ಅಂತಾನೂ ಬರ್ಕೋ. ಏನನ್ನೂ ಬರೀದೆ ಬಿಡೋಕೆ ನಿನ್ನಿಂದ ಆಗಲ್ವಲ್ಲ."

ಇನ್ನೊಂದು ಪೆನ್ಸಿಲ್ ತೆಗೆದು ಬರೆದೆ: 'ಹನ್ನೊಂದು ಗಂಟೆ ನಲವತ್ತು ನಿಮಿಷ. ನಿರ್ಮಾಪಕರು ಹಾಜರಿದ್ದರು.'

ಟಾಂಗಿ ಪುಸ್ತಕಕ್ಕೆ ಕೈ ಚಾಚಿದ. ನಾನು ಕೊಡಲಿಲ್ಲ.