ಬಾಯಿಮಾತಿನ ಎಪ್ಪತ್ತನಾಲ್ಕು ದಿನ

"ಫಲಿತಾಂಶ ತಡ ಆಗಿದೆ ಅಂತ ವಿಶ್ವವಿದ್ಯಾಲಯಕ್ಕೆ ಬರೆದು ಕೊಟ್ಟಿದ್ದೀರಲ್ಲ, ಸೀಲು ಹಾಕಿಸ್ಕೊಂಡ ಪ್ರತಿ ಎಲ್ಲಿ?" ಎಂದು ವಕೀಲೆ ಕೈ ಚಾಚಿದಾಗ ಹುಡುಗಿ ಅಮ್ಮನ ಮುಖ ನೋಡಿದಳು. ಪಕ್ಕದಲ್ಲಿ ಕೂತಿದ್ದ ಅಮ್ಮ ಸೆರಗಿನ ತುದಿಯನ್ನು ತಿರುಚತೊಡಗಿದಳು.

ಪ್ರತಿ ಎಲ್ಲಿಂದ ಬರಬೇಕು? ಒಂದು ಪತ್ರಿಕೆಯಲ್ಲಿ ಮೂರೇ ಅಂಕಕ್ಕೆ ಫೇಲಾಗಿದ್ದ ಹುಡುಗಿ ಮರುಮೌಲ್ಯಮಾಪನಕ್ಕೆ ಹಾಕಿ ಎಪ್ಪತ್ತನಾಲ್ಕು ದಿನವಾಗಿತ್ತು. ಮೂವತ್ತು ದಿನದೊಳಗೆ ಕೊಡಬೇಕೆಂದು ವಿಶ್ವವಿದ್ಯಾಲಯವೇ ನಿಯಮ ಮಾಡಿಕೊಂಡಿದೆ, ಪಾಲಿಸುವ ಉಸಾಬರಿ ಮಾತ್ರ ಇಟ್ಟುಕೊಂಡಿಲ್ಲ. ತಾಯಿ ಮಗಳು ಹನ್ನೊಂದು ಸಲ ಹೋಗಿದ್ದರು. ಪರೀಕ್ಷಾ ವಿಭಾಗದ ಗುಮಾಸ್ತ ಪ್ರತಿ ಸಲವೂ "ಮುಂದಿನ ವಾರ ಬಂದುಬಿಡುತ್ತೆ, ಹೋಗಿ ಬನ್ನಿ" ಎಂದು ನಕ್ಕು ಕಳಿಸಿದ್ದ. ಬರೆದು ಕೊಡೋಣವೇ ಎಂದು ಮಗಳು ಒಮ್ಮೆ ಕೇಳಿದಾಗ ಅಮ್ಮ ಅವಳ ತೋಳು ಚಿವುಟಿದ್ದಳು. ಅಷ್ಟು ಒಳ್ಳೆಯ ಮನುಷ್ಯನ ಹತ್ತಿರ ಸೀಲು ಕೇಳಿದರೆ ನಂಬಿಕೆಯಿಲ್ಲ ಎಂದಾಗುವುದಿಲ್ಲವೇ!

ಪಾಸಾದ ಅಂಕಪಟ್ಟಿ ತೋರಿಸದಿದ್ದರೆ ಮೇಲಿನ ಓದಿಗೆ ಸಿಕ್ಕ ಸೀಟು ಶುಕ್ರವಾರ ಸಂಜೆ ಐದಕ್ಕೆ ಕೈತಪ್ಪಲಿತ್ತು. ಇಂದು ಬುಧವಾರ.

"ನೀವು ಬರೆದು ಕೇಳಿದ್ರಾ, ಅವರು ಕೊಡಲಿಲ್ವಾ? ನ್ಯಾಯಾಲಯ ಮೊದಲು ನೋಡೋದೇ ಅದನ್ನ" ಎಂದು ವಕೀಲೆ, ಫಲಿತಾಂಶ ಕೊಡದಿದ್ದರೆ ಕೋರ್ಟಿಗೆ ಹೋಗುತ್ತೇವೆಂದು ಅಲ್ಲೇ ಒಂದು ಮನವಿ ಟೈಪು ಮಾಡಿಸಿದರು. "ಇವತ್ತೇ ಕೊಟ್ಟು ಸೀಲು ತನ್ನಿ. ನಾಳೆ ತುರ್ತು ಅಂತ ರಿಟ್ ಅರ್ಜಿ ಹಾಕೋಣ. ಫಲಿತಾಂಶ ಬರೋವರೆಗೂ ಸೀಟು ಬೇರೆಯವರಿಗೆ ಕೊಡಬಾರದು ಅಂತ ಮಧ್ಯಂತರ ಆದೇಶ ಕೇಳೋಣ. ಸಿಕ್ಕೇ ಸಿಗುತ್ತೆ ಅಂತ ನಾನು ಹೇಳಲ್ಲ."

ತಾಯಿ ಮಗಳು ಮತ್ತೆ ಪರೀಕ್ಷಾ ವಿಭಾಗದ ಮೆಟ್ಟಿಲು ಹತ್ತಿದರು. ಗುಮಾಸ್ತ ಮನವಿ ಓದಿದ. ನಗು ಮಾಯವಾಯಿತು.

"ಕೋರ್ಟಾ? ನಿಮ್ಮ ಪೇಪರು ಇನ್ನೂ ಒಳಗೇ ಇದೆ, ಗೊತ್ತಲ್ಲ? ಸಾಹೇಬರಿಗೆ ಸಿಟ್ಟು ಬಂದ್ರೆ ಇರೋ ಅಂಕನೂ ಇರಲ್ಲ. ವಾಪಸ್ ತಗೊಳ್ಳಿ, ನಾನೇ ನೋಡ್ತೀನಿ."

ಹೆದರಿಕೆ ಎಂದರೆ ಎಂಥ ಹೆದರಿಕೆ! ಅವಳು ಮೂರು ವರ್ಷ ನಿದ್ದೆಗೆಟ್ಟು ಓದಿದ್ದೆಲ್ಲ ಈ ಮನುಷ್ಯನ ಹಿಂದಿನ ಕಬ್ಬಿಣದ ಬೀರುವಿನಲ್ಲಿತ್ತು. ಬೀಗದ ಕೈ ಅವನ ಸೊಂಟದಲ್ಲಿತ್ತು. "ಬೇಡ ಕಣೇ, ದೊಡ್ಡವರ ಸಹವಾಸ" ಎಂದು ಅಮ್ಮ ಕಿವಿಯಲ್ಲಿ ಪಿಸುಗುಟ್ಟಿದಳು. ಹುಡುಗಿಯ ಕೈ ಮನವಿಯತ್ತ ಹೋಯಿತು ಕೂಡ. ಆದರೆ ವಾಪಸು ತೆಗೆದುಕೊಂಡರೆ ಹನ್ನೆರಡನೆಯ ಸಲವೂ ಬರಿಗೈ, ಶುಕ್ರವಾರ ಸೀಟಿಗೆ ಎಳ್ಳುನೀರು.

"ಸೀಲು ಹಾಕಿ ಸರ್" ಎಂದಳು. ಧ್ವನಿ ಅವಳದೇ ಎಂದು ಅವಳಿಗೇ ಅನಿಸಲಿಲ್ಲ. "ಹಾಕಲ್ಲ ಅಂದ್ರೆ, ಹಾಕಲ್ಲ ಅಂತ ಬರೆದುಕೊಡಿ."

ಗುಮಾಸ್ತ ಅವಳನ್ನೇ ದಿಟ್ಟಿಸಿದ. ಅವನ ಹಣೆಯಲ್ಲಿ ಬೆವರು ಮೂಡಿದ್ದು ಕಂಡಾಗಲೇ ಅವಳಿಗೆ ಹೊಳೆದದ್ದು, ಹೆದರಿದವಳು ತಾನೊಬ್ಬಳೇ ಅಲ್ಲ. ಅವನು ಸೀಲು ಒತ್ತಿದ, ದಿನಾಂಕ ಹಾಕಿದ, ಪ್ರತಿಯನ್ನು ಅವಳತ್ತ ತಳ್ಳಿದ. ಆಮೇಲೆ ದಪ್ಪ ರಿಜಿಸ್ಟರು ತೆರೆದು ಬೆರಳಾಡಿಸಿದ. ಬೆರಳು ಒಂದು ಕಡೆ ನಿಂತಿತು.

"ನೋಡಮ್ಮ, ನಿಮ್ಮ ಪೇಪರು ತಿದ್ದಿಯಾಗಿ ಬಂದು ನಲವತ್ತು ದಿನ ಆಗಿದೆ" ಎಂದು ಸ್ವರ ತಗ್ಗಿಸಿದ. "ಸಾಹೇಬರ ಸಹಿಗೆ ನಿಂತಿದೆ ಅಷ್ಟೆ. ಎಷ್ಟು ಬಂದಿದೆ ಅಂತ ಈಗ್ಲೇ ಹೇಳಿಬಿಡ್ತೀನಿ. ಕೋರ್ಟು ಗೀರ್ಟು ಬಿಡಿ. ಹೇಳ್ಲಾ?"

ನಲವತ್ತು ದಿನ! ಅವಳು ಊಟ ಸೇರದೆ, ಫೋನು ಬಡಿದುಕೊಂಡಾಗಲೆಲ್ಲ ಬೆಚ್ಚಿಬೀಳುತ್ತ ಕಳೆದ ನಲವತ್ತು ದಿನವೂ ಆ ಸಂಖ್ಯೆ ಅಲ್ಲೇ ಬಿದ್ದಿತ್ತು. ಹೇಳಿ ಎನ್ನಲು ಬಾಯಿ ತೆರೆದಳು. ಫೇಲು ಎಂದುಬಿಟ್ಟರೆ? ಈಗ ಪಾಸು ಎಂದು, ಶುಕ್ರವಾರ 'ನಾನೆಲ್ಲಿ ಹೇಳಿದೆ' ಎಂದುಬಿಟ್ಟರೆ?

ಆಗ ಅಮ್ಮ ಸೆರಗು ಬಿಟ್ಟು ಮುಂದೆ ಬಂದಳು.

"ಹೇಳೋದು ಬೇಡಪ್ಪ" ಎಂದಳು. "ಹನ್ನೊಂದು ಸಲ ಹೇಳಿದ್ದೀಯ. ಸಹಿ ಹಾಕಿಸಿ ಕೈಗೆ ಕೊಡು. ಅಲ್ಲೀವರೆಗೂ ನಾವು ಇಲ್ಲೇ ಕೂತಿರ್ತೀವಿ. ಸಿಗದೇ ಹೋದ್ರೆ ನಾಳೆ ಜಡ್ಜರ ಎದುರಿಗೆ ಹೇಳುವೆಯಂತೆ."