ಆಂಜಿ ಯಾಕೆ ಅಳಲಿಲ್ಲ?

ಕೆಲಸಕ್ಕೆ ಹೊರಟ ತಾಯಿ ಕಂಕುಳಲ್ಲಿರುವ ಮಗುವನ್ನು ಎಲ್ಲಿ ಬಿಟ್ಟು ಹೋಗಬೇಕು? ಇದು ಇವತ್ತಿನ ಪ್ರಶ್ನೆಯೇನಲ್ಲ. ಎರಡನೇ ಮಹಾಯುದ್ಧ ನಡೆಯುತ್ತಿದ್ದಾಗ ಹಲಸೂರಿನ ಒಂದು ವಠಾರದಲ್ಲಿ, ಪಿಳ್ಳಮ್ಮನ ಮನೆಯಲ್ಲೂ ಇದೇ ತಲೆನೋವು. ಮಗ ಅಂಜನಮೂರ್ತಿ ಮಿಲಿಟರಿ ಲಾರಿ ಓಡಿಸಲು ದೂರದೇಶಕ್ಕೆ ಹೋಗಿದ್ದ. ಸೊಸೆ ಆದಿಲಕ್ಷ್ಮಿ, ಆಗ ಬ್ಲ್ಯಾಕ್‌ಪಲ್ಲಿ ಎನ್ನುತ್ತಿದ್ದ ಶಿವಾಜಿನಗರದ ಒಂದು ಷೆಡ್ಡಿನಲ್ಲಿ ಸಿಪಾಯಿಗಳ ಅಂಗಿ ಹೊಲಿಯುತ್ತಿದ್ದಳು. ಪಿಳ್ಳಮ್ಮನದು ಸೊಪ್ಪಿನ ವ್ಯಾಪಾರ. ಕಗ್ಗದಾಸಪುರದ ತೋಟಗಳಿಂದ ಬಂದ ಸೊಪ್ಪನ್ನು ಬುಟ್ಟಿಯಲ್ಲಿ ಹೊತ್ತು ಕಾಕ್ಸ್ ಟೌನಿನ ಬೀದಿಗಳನ್ನು ಸುತ್ತಿ ಬರುವಷ್ಟರಲ್ಲಿ ಹೊತ್ತು ಇಳಿದಿರುತ್ತಿತ್ತು.

ಮೊಮ್ಮಗನ ಪೂರ್ತಿ ಹೆಸರು ಮುನಿಆಂಜನಪ್ಪ. ಅಷ್ಟು ದೊಡ್ಡ ಹೆಸರು ಹೊರುವ ವಯಸ್ಸಲ್ಲವಾದ್ದರಿಂದ ಎಲ್ಲರಿಗೂ ಅವನು ಆಂಜಿ. ಒಂದೂವರೆ ವರ್ಷದ ಕೂಸು. ವಠಾರದ ಹೆಂಗಸರು ಒಳ್ಳೆಯವರು, ಮಗುವನ್ನು ನೋಡಿಕೊಳ್ಳಲು ಯಾರೂ ಒಲ್ಲೆ ಎನ್ನಲಿಲ್ಲ. ಆದರೆ ಪಿಳ್ಳಮ್ಮ ಅದಕ್ಕೊಂದು ಕಟ್ಟಳೆ ಮಾಡಿದಳು. ನಲ್ಲಿ ನೀರಿಗೆ ಮನೆಮನೆಗೂ ಸರದಿ ಇದ್ದ ಹಾಗೆ ಆಂಜಿಗೂ ಸರದಿ. ಇವತ್ತು ಈ ಮನೆ, ನಾಳೆ ಆ ಮನೆ, ನಾಳಿದ್ದು ಇನ್ನೊಂದು.

ಯಾರಿಗೂ ಹೊರೆಯಾಗಬಾರದು ಎಂಬುದು ಹೊರಗೆ ಹೇಳುವ ಕಾರಣ. ಒಳಗಿನ ಕಾರಣ ಬೇರೆ. ಪಿಳ್ಳಮ್ಮನ ಮಗಳು ಚಿಕ್ಕವಳಿದ್ದಾಗ ಪಕ್ಕದ ಮನೆಯಾಕೆಯನ್ನು ಬಹಳ ಹಚ್ಚಿಕೊಂಡಿದ್ದಳು. ಆಕೆ ಗಂಡನ ಜೊತೆ ಕೋಲಾರದ ಚಿನ್ನದ ಗಣಿಗೆ ಹೊರಟುಹೋದಾಗ ಹುಡುಗಿ ಅನ್ನ ಬಿಟ್ಟು ಮೂಲೆ ಹಿಡಿದು ಸೊರಗಿಹೋದಳು. ಆ ದಿನಗಳನ್ನು ಪಿಳ್ಳಮ್ಮ ಮರೆತಿರಲಿಲ್ಲ. ಮೊಮ್ಮಗ ಯಾರನ್ನೂ ಹಚ್ಚಿಕೊಳ್ಳಲೇಬಾರದು, ಆಗ ಯಾರು ಹೋದರೂ ಅವನಿಗೆ ನೋವಿಲ್ಲ ಎಂದು ಲೆಕ್ಕ ಹಾಕಿದ್ದಳು. ಬೆಳಿಗ್ಗೆ ಸೊಸೆ ಹೊರಡುವಾಗಲೂ ಅಷ್ಟೆ. ಮಗುವಿನ ಕೈಗೆ ಏನಾದರೂ ಕೊಟ್ಟು, ಅದು ಅತ್ತ ತಿರುಗಿದಾಗ ಆದಿಲಕ್ಷ್ಮಿ ಕಣ್ತಪ್ಪಿಸಿ ಜಾರಿಕೊಳ್ಳಬೇಕು.

ಮೊದಮೊದಲು ಆಂಜಿ ವಠಾರವೇ ಹಾರಿಹೋಗುವಂತೆ ಕಿರುಚುತ್ತಿದ್ದ. ಆಮೇಲೆ ಅಳು ಕಡಿಮೆಯಾಯಿತು. ಆಮೇಲೆ ನಿಂತೇಹೋಯಿತು. ಯಾರು ಕೈಚಾಚಿದರೂ ಹೋಗುತ್ತಿದ್ದ, ಯಾರು ಕೆಳಗಿಳಿಸಿದರೂ ಸುಮ್ಮನೆ ಕೂರುತ್ತಿದ್ದ. "ಎಂಥ ಬಂಗಾರದಂಥ ಮಗು!" ಎಂದು ಎಲ್ಲರೂ ಹೊಗಳಿದರು. ಪಿಳ್ಳಮ್ಮ ಉಬ್ಬಿಹೋದಳು.

ಒಂದು ಬೆಳಿಗ್ಗೆ, ಪಿಳ್ಳಮ್ಮ ಬುಟ್ಟಿ ಹೊತ್ತು ಹೊರಡುವ ಮೊದಲೇ, ಸಿಡುಬಿಗೆ ಲಸಿಕೆ ಹಾಕಲು ವಠಾರಕ್ಕೆ ನರ್ಸ್ ಜಹನಾರಾ ಬಂದರು. ಫ್ರೇಜರ್ ಟೌನಿನವರು, ಆ ಕಡೆಯ ತಾಯಿ-ಮಕ್ಕಳಿಗೆಲ್ಲ ಪರಿಚಿತರು. ತೋಳಿಗೆ ಗೀರು ಬೀಳುತ್ತಿದ್ದ ಹಾಗೆ ಮಕ್ಕಳೆಲ್ಲ ರಂಪ ಮಾಡಿ ತಾಯಂದಿರ ಸೀರೆಯೊಳಗೆ ತಲೆ ಹುದುಗಿಸಿದವು. ಆಂಜಿಯ ಸರದಿ ಬಂತು. ಅವನ ತೋಳಿನಲ್ಲಿ ರಕ್ತ ಜಿನುಗಿತು, ತುಟಿ ಒಮ್ಮೆ ನಡುಗಿತು. ಅವನು ಯಾರ ಮುಖವನ್ನೂ ನೋಡಲಿಲ್ಲ. ಅಜ್ಜಿಯ ಮುಖವನ್ನೂ ನೋಡದೆ ಎದುರಿನ ಗೋಡೆ ನೋಡುತ್ತಾ ಕೂತ.

"ನೋಡಿದ್ರಾ ನರ್ಸಮ್ಮ, ಹುಲಿ ಕಣ್ರೀ ನನ್ ಮೊಮ್ಮಗ!" ಎಂದಳು ಪಿಳ್ಳಮ್ಮ.

ಜಹನಾರಾ ನಗಲಿಲ್ಲ. "ಹಗಲೊತ್ತು ಇವನ್ನ ಯಾರು ನೋಡ್ಕೋತಾರೆ, ಪಿಳ್ಳಮ್ಮ?"

ಪಿಳ್ಳಮ್ಮ ತನ್ನ ಸರದಿಯ ಏರ್ಪಾಟನ್ನು ಹೆಮ್ಮೆಯಿಂದಲೇ ವಿವರಿಸಿದಳು.

"ಅರೆ, ಮಗುಗೆ ನೋವಾದ್ರೆ ಅದು ತನ್ನೋರ್ನ ಹುಡುಕುತ್ತೆ. ಅತ್ತು ಕರೆಯುತ್ತೆ. ಇವನು ಕರೆಯೋದನ್ನೇ ಬಿಟ್ಬಿಟ್ಟಿದಾನೆ."

"ಚೆನ್ನಾಗಿ ಹೇಳಿದ್ರಿ ಬಿಡಿ! ಅತ್ರೆ ಹಠಮಾರಿ ಅಂತೀರಿ, ಅಳದೆ ಇದ್ರೆ ಅದೂ ಒಂದು ಕಾಯ್ಲೆ ಅಂತೀರಿ. ಹೊಟ್ಟೆಗೆ ಸರಿಯಾಗಿ ಹಾಕ್ತಿದೀವಿ. ಮೈ ಕೈ ನೋಡಿ, ಹೆಂಗೈತೆ!"

"ಹೊಟ್ಟೆಗೆ ಹಾಕ್ತಿದೀರ, ನಾನೂ ನೋಡ್ತಿದೀನಿ. ನಾನು ಮುಂಚೆ ಒಂದು ಅನಾಥ ಮಕ್ಕಳ ಮನೇಲಿ ಕೆಲಸ ಮಾಡ್ತಿದ್ದೆ. ಅಲ್ಲೂ ಹಾಲಿತ್ತು, ಒಗೆದ ಬಟ್ಟೆ ಇತ್ತು. ಆದ್ರೆ ಎತ್ಕೊಳ್ಳೋ ಕೈ ದಿನಾ ಬದ್ಲಾಗ್ತಿತ್ತು. ಆ ಮಕ್ಕಳೂ ಹಿಂಗೇ ತಣ್ಣಗೆ ಕೂತಿರ್ತಿದ್ವು. ಮಾತು ತಡವಾಗಿ ಬಂತು. ದೊಡ್ಡವಾದ ಮೇಲೆ ಸಿಟ್ಟು ಬಂದ್ರೆ ಎಲ್ಲಿ ನಿಲ್ಲಿಸ್ಬೇಕೋ ಗೊತ್ತಿಲ್ಲ, ದುಃಖ ಬಂದ್ರೆ ಯಾರ ಹತ್ರ ಹೇಳ್ಕೋಬೇಕೋ ಗೊತ್ತಿಲ್ಲ." ಜಹನಾರಾ ಲಸಿಕೆಯ ಪೆಟ್ಟಿಗೆ ಮುಚ್ಚಿದರು. "ನನ್ನ ಮಾತು ನಂಬಬೇಡಿ. ಸಾಯಂಕಾಲ ಸೊಸೆ ಬಂದಾಗ ಮಗು ಏನ್ಮಾಡುತ್ತೆ, ಅಷ್ಟು ನೋಡಿ."

ನರ್ಸಮ್ಮನಿಗೆ ಮಾಡಲು ಬೇರೆ ಕೆಲಸವಿಲ್ಲ ಎಂದು ಗೊಣಗಿಕೊಂಡರೂ ಪಿಳ್ಳಮ್ಮ ಆ ಸಂಜೆ ಬೇಗ ಬಂದು ಬಾಗಿಲಲ್ಲೇ ಕೂತಳು. ಆದಿಲಕ್ಷ್ಮಿ ಬಂದಳು. ಚಪ್ಪಲಿ ಬಿಡುವ ಮೊದಲೇ, "ಆಂಜೀ, ಬಾರೋ ಕಂದ" ಎಂದು ಎರಡೂ ಕೈ ಚಾಚಿದಳು. ಆಂಜಿ ತಲೆಯೆತ್ತಿ ನೋಡಿದ. ಸೊಪ್ಪು ಕೊಳ್ಳಲು ಬಂದವರನ್ನು ನೋಡುವ ಹಾಗೆ ನೋಡಿ, ಮತ್ತೆ ನೆಲದ ಮೇಲಿನ ಕಡ್ಡಿಯ ಜೊತೆ ಆಟಕ್ಕಿಳಿದ. ಅವಳು ಎತ್ತಿಕೊಂಡಳು. ಬೇಡ ಎನ್ನಲಿಲ್ಲ, ಕೊರಳು ತಬ್ಬಲೂ ಇಲ್ಲ.

ಪಿಳ್ಳಮ್ಮ ಬಾಗಿಲಿನಿಂದ ಎದ್ದು ಬಂದಳು. "ಇವತ್ತು ಲಸಿಕೆ ಹಾಕಿದಾರಲ್ಲ, ಸುಸ್ತಾಗಿರ್ಬೇಕು" ಎಂದಳು.

"ಇವತ್ತೊಂದಿನ ಅಲ್ಲ ಅತ್ತೆ, ದಿನಾ ಹಿಂಗೇ. ನಿಮಗೆ ಹೇಳೋಕೆ ಭಯ ಆಗಿತ್ತು." ಆದಿಲಕ್ಷ್ಮಿ ಸೆರಗಿನಿಂದ ಕಣ್ಣೊರೆಸಿಕೊಂಡಳು. "ವಠಾರದಲ್ಲಿ ಇಷ್ಟು ಜನ ಇದಾರಲ್ಲ, ಅವನ ಪಾಲಿಗೆ ನಾನೂ ಅವರಲ್ಲಿ ಒಬ್ಳು. ಹೆತ್ತು ಏನು ಬಂತು?"

ಗಂಡ ಯುದ್ಧದಿಂದ ಬರುತ್ತಾನೋ ಇಲ್ಲವೋ ತಿಳಿಯದ ಸೊಸೆಗೆ ಇದ್ದದ್ದು ಅದೊಂದೇ ಕೂಸು, ಅದನ್ನೂ ತಾನೇ ದೂರ ಮಾಡಿಬಿಟ್ಟೆನೇ ಎಂದು ಪಿಳ್ಳಮ್ಮನಿಗೆ ಸಂಕಟವಾಯಿತು.

ಮಾರನೇ ದಿನ ಸೊಪ್ಪಿನ ಬುಟ್ಟಿಯ ಸಮೇತ ಜಹನಾರಾ ಅವರ ಮನೆಗೇ ಹೋದಳು. ಮಗಳ ಕಥೆಯನ್ನು ಹೇಳಿಕೊಂಡಳು. "ನರ್ಸಮ್ಮ, ಹಚ್ಕೊಂಡ್ರೆ ಆಮೇಲೆ ಸೊರಗ್ತಾವೆ ಅಂತ್ಲೇ ಹಂಗೆ ಮಾಡ್ದೆ."

"ಆ ಮಗಳು ಈಗ ಹೆಂಗಿದಾಳೆ?"

"ಕೃಷ್ಣರಾಜಪುರದಲ್ಲಿ ಸಂಸಾರ ಮಾಡ್ಕೊಂಡವ್ಳೆ. ಮನೆಮಂದಿಗೆಲ್ಲ ಅವಳೇ ಬೇಕು."

"ಸೊರಗಿದಾಗ ಯಾರ ಮಡಿಲಲ್ಲಿ ಮಲಗಿದ್ಲು?"

"ನನ್ ಮಡಿಲಲ್ಲೇ, ಇನ್ನೆಲ್ಲಿ?"

"ನೋಡಿ, ನೋವು ಅವಳಿಗೂ ಆಯ್ತು. ಆದ್ರೆ ಹೋಗಿ ಮಲಗೋಕೆ ಒಂದು ಮಡಿಲಿತ್ತು, ಅದಕ್ಕೇ ಎದ್ದು ಬಂದ್ಲು. ಆಂಜಿಗೆ ಯಾವ ಮಡಿಲು ತನ್ನದು ಅಂತ್ಲೇ ಗೊತ್ತಿಲ್ಲ. ಇನ್ನೂ ಕಾಲ ಮಿಂಚಿಲ್ಲ. ಒಂದೇ ಮನೇಲಿ ಬಿಡಿ. ಸೊಸೆ ಹೋಗುವಾಗ ಹೇಳಿ ಹೋಗ್ಲಿ, ಹೇಳಿದ ಹೊತ್ತಿಗೆ ಬರ್ಲಿ. ಅವನು ಕುಂಯ್ ಅಂದ್ರೂ ಯಾರಾದ್ರೂ ಓಗೊಡಿ."

ಎದುರುಮನೆಯ ದೊಡ್ಡಮುನಿಯಮ್ಮ ಮನೆಯಲ್ಲೇ ಕೂತು ಹೂ ಕಟ್ಟುವವಳು. ಪಿಳ್ಳಮ್ಮ ಹೋಗಿ ಕೇಳಿದಾಗ, "ಈಗ ಬುದ್ಧಿ ಬಂತಾ ಅಕ್ಕ? ಮಗೂನೇನು ಅರಸಿನಕುಂಕುಮದ ತಟ್ಟೆನಾ, ಮನೆಮನೆಗೆ ತಿರುಗ್ಸೋಕೆ?" ಎಂದು ಚುಚ್ಚಿದಳು, ಚುಚ್ಚುತ್ತಲೇ ಆಂಜಿಯನ್ನು ಎತ್ತಿ ಪಕ್ಕದಲ್ಲಿ ಕೂರಿಸಿಕೊಂಡಳು. ಅವತ್ತಿನಿಂದ ಹಗಲೆಲ್ಲ ಅವನು ಅಲ್ಲಿಯೇ. ಅವನು "ಬಾ, ಬೂ" ಎಂದರೆ ದೊಡ್ಡಮುನಿಯಮ್ಮ ಹೂವಿನ ಜೊತೆ ಮಾತನ್ನೂ ಕಟ್ಟಿ ಉತ್ತರ ಕೊಡುತ್ತಿದ್ದಳು. ಆದಿಲಕ್ಷ್ಮಿ ಹೊರಡುವಾಗ ಅವನ ಎದುರಿಗೆ ಕುಕ್ಕರುಗಾಲಲ್ಲಿ ಕೂತು, "ಅಮ್ಮ ಕೆಲಸಕ್ಕೆ ಹೋಗಿ ದೀಪ ಹಚ್ಚೋ ಹೊತ್ತಿಗೆ ಬರ್ತಾಳೆ" ಎಂದು ಹೇಳಿ ಹೋಗುತ್ತಿದ್ದಳು. ದೀಪ ಹಚ್ಚುವ ಹೊತ್ತಿಗೆ ಬರುತ್ತಿದ್ದಳು.

ತಿಂಗಳಾದರೂ ಆಂಜಿ ಹಾಗೇ ಇದ್ದ. ಆಮೇಲೆ ಒಂದು ಹೊಸ ಕಾಟ ಶುರುವಾಯಿತು. ಎತ್ತಿಕೋ ಎಂದು ರಾಗ, ಇಳಿಸಿದರೆ ಮುನಿಸು. ಪಿಳ್ಳಮ್ಮನ ಅನುಮಾನ ಮತ್ತೆ ತಲೆಯೆತ್ತಿತು. "ಬಂಗಾರದಂಥ ಮಗೂನ ಕೆಡಿಸ್ಬಿಟ್ರಲ್ಲೇ" ಎಂದು ಸೊಸೆಯನ್ನೂ ದೊಡ್ಡಮುನಿಯಮ್ಮನನ್ನೂ ಒಟ್ಟಿಗೆ ಬೈದಳು. ಬೈದರೂ ಸರದಿ ಪದ್ಧತಿಗೆ ಮಾತ್ರ ಮರಳಲಿಲ್ಲ.

ಒಂದು ಬೆಳಿಗ್ಗೆ ಆದಿಲಕ್ಷ್ಮಿ ಎಂದಿನಂತೆ ಹೇಳಿ ಎದ್ದಳು. ವಠಾರದ ಬಾಗಿಲು ದಾಟಬೇಕು, ಅಷ್ಟರಲ್ಲಿ ಹಿಂದಿನಿಂದ ಒಂದು ಚೀರಾಟ. "ಅಮ್ಮಾ!" ಆಂಜಿ ಬಿದ್ದು ಎದ್ದು ಓಡಿ ಬಂದು ಅವಳ ಸೀರೆಯನ್ನು ಎರಡೂ ಕೈಯಲ್ಲಿ ಹಿಡಿದುಕೊಂಡ. ಮುಖವೆಲ್ಲ ಕಣ್ಣೀರು, ಸಿಂಬಳ. ನಲ್ಲಿಯ ಹತ್ತಿರ ಇದ್ದವರು ಕೊಡ ಬಿಟ್ಟು ಓಡಿಬಂದರು. "ಏನಾಯ್ತು? ಬಿದ್ನಾ? ಏನಾದ್ರೂ ಕಚ್ತಾ?"

ಪಿಳ್ಳಮ್ಮ ಸೊಪ್ಪಿನ ಬುಟ್ಟಿ ಇಳಿಸಿದಳು. ಅವಳೂ ಅಳುತ್ತಿದ್ದಳು. "ಏನೂ ಆಗಿಲ್ಲ, ಹೋಗ್ರೇ. ಅವರಮ್ಮ ಹೋಗ್ತಾಳೆ ಅಂತ ಅಳ್ತಾವ್ನೆ."

ಆದಿಲಕ್ಷ್ಮಿಗೆ ಹೊತ್ತಾಗಿತ್ತು. ಆದರೂ ಕೂತು, ಮಗನ ಮುಖ ಒರೆಸಿ, ಅಪ್ಪಿಕೊಂಡು, ಅದೇ ಮಾತನ್ನು ಇನ್ನೊಮ್ಮೆ ಹೇಳಿ ಅವನ ಕಣ್ಣೆದುರಿಗೇ ಹೊರಟಳು. ಅವಳು ತಿರುವಿನಲ್ಲಿ ಮರೆಯಾಗುವ ತನಕ ನೋಡಿ, ಆಂಜಿ ಬಿಕ್ಕುತ್ತಾ ಹಿಂದೆ ತಿರುಗಿದ. ಅಂಗಳದಲ್ಲಿ ಅಷ್ಟು ಜನ ಕೈಚಾಚಿ ನಿಂತಿದ್ದರು. ಅವನು ಯಾರ ಕಡೆಗೂ ಹೋಗದೆ, ನೆಟ್ಟಗೆ ನಡೆದು ಹೋಗಿ ದೊಡ್ಡಮುನಿಯಮ್ಮನ ಮಡಿಲಲ್ಲಿ ಮುಖ ಮುಚ್ಚಿಕೊಂಡ.

ಈ ಕಥೆ ಕೇಳಿದ ಅಮ್ಮಂದಿರೇ, ಅಪ್ಪಂದಿರೇ, ಅಜ್ಜಿ ತಾತಂದಿರೇ, ದುಡಿಯಲು ಹೋಗುವುದು ತಪ್ಪಲ್ಲ. ಮಗುವನ್ನು ನೋಡಿಕೊಳ್ಳುವವರು ಇಬ್ಬರೋ ಮೂವರೋ ಇರಲಿ, ಆದರೆ ಅವರು ದಿನಾ ಅವರೇ ಆಗಿರಲಿ. ಕಣ್ತಪ್ಪಿಸಿ ಓಡಬೇಡಿ, ಹೇಳಿ ಹೋಗಿ, ಹೇಳಿದಂತೆ ಬನ್ನಿ. ಅತ್ತಾಗ ಎತ್ತಿಕೊಂಡರೆ ಮಗು ಕೆಡುವುದಿಲ್ಲ, ನನ್ನವರು ಇದ್ದಾರೆ ಎಂಬ ಧೈರ್ಯ ಕಲಿಯುತ್ತದೆ. ನಾಳೆ ಅದು ಇನ್ನೊಬ್ಬರನ್ನು ನಂಬುವುದು, ಸಿಟ್ಟು ನುಂಗುವುದು, ದುಃಖ ಹೇಳಿಕೊಳ್ಳುವುದು ಎಲ್ಲವೂ ಇದೇ ಧೈರ್ಯದ ಮೇಲೆ. ನೋವಾದರೂ ನಿಮ್ಮ ಮಗು ನಿಮ್ಮತ್ತ ತಿರುಗುತ್ತಿಲ್ಲವಾದರೆ ಹೊಗಳಿ ಸುಮ್ಮನಾಗಬೇಡಿ, ಆರೋಗ್ಯ ಕಾರ್ಯಕರ್ತೆಯನ್ನು ಕೇಳಿ. ಇವತ್ತು ಮನೆಗೆ ಹೋದಾಗ, ಬೇರೆಲ್ಲ ಕೆಲಸಕ್ಕೆ ಮೊದಲು, ಮಗುವನ್ನು ಎತ್ತಿಕೊಳ್ಳಿ.